ಅಟ್ಟದಲ್ಲಿಟ್ಟ ರಂಗೋಲಿ

ಹೊನ್ನಮ್ಮ ಮೇಡಂ ಮೌಸನ್ನು ಹಿಡಿಯುತ್ತಿರಲಿಲ್ಲ, ಚಿಟಿಕೆಯಲ್ಲಿ ಎತ್ತಿಕೊಳ್ಳುತ್ತಿದ್ದರು. ಹೆಬ್ಬೆರಳು, ತೋರುಬೆರಳು, ನಡುಬೆರಳು, ಅಷ್ಟೇ. ಮಿಕ್ಕ ಎರಡು ಬೆರಳು ಗಾಳಿಯಲ್ಲಿ ನಿಂತಿರುತ್ತಿದ್ದವು. ಅಂಗೈ ಪೂರ್ತಿ ಅದರ ಬೆನ್ನ ಮೇಲಿಡಬೇಕು ಎಂದು ನಾನು ಹೇಳಿದರೆ ಇಟ್ಟ ಹಾಗೆ ಮಾಡಿ, ನಾನು ಇನ್ನೊಂದು ಕಂಪ್ಯೂಟರಿನ ಕಡೆ ತಿರುಗಿದ್ದೇ ತಡ ಮತ್ತೆ ಚಿಟಿಕೆಗೇ ಬರುತ್ತಿದ್ದರು. ಕೂರುವ ಮುಂಚೆ ಇನ್ನೊಂದು ಕ್ರಮವಿತ್ತು. ಬ್ಯಾಗಿನಿಂದ ಒದ್ದೆ ಬಟ್ಟೆ ತೆಗೆದು ಮಾನಿಟರಿನ ಗಾಜನ್ನು ಮೂಲೆ ಬಿಡದೆ ಒರೆಸುವುದು. ಶಾಕ್ ಹೊಡೆದೀತು ಎಂದು ಹೆದರಿಸಿ ನೋಡಿದೆ. ನೀರು ಹಾಕದ ಜಾಗದಲ್ಲಿ ರಂಗೋಲಿ ಬಿಡುವ ಪದ್ಧತಿ ತಮಗಿಲ್ಲ ಎಂದುಬಿಟ್ಟರು.

ಆಗ ನಾನು ತುಮಕೂರಿನ ಮರಳೂರಿನಲ್ಲಿ ಒಂದು ಸಣ್ಣ ಕಂಪ್ಯೂಟರ್ ಸೆಂಟರ್ ನಡೆಸುತ್ತಿದ್ದೆ. ಎರಡು ಸಾವಿರದ ಮೂರನೇ ಇಸವಿಯ ಆಸುಪಾಸು. ದಿನಸಿ ಅಂಗಡಿಯ ಪಕ್ಕದ ಮಳಿಗೆ, ಒಳಗೆ ನಾಲ್ಕಾರು ಹಳೆಯ ಕಂಪ್ಯೂಟರು, ಮೂಲೆಯಲ್ಲಿ ಕುಯ್ಯೋ ಎನ್ನುವ ಯುಪಿಎಸ್ಸು. ಬರುವವರೆಲ್ಲ ಟೈಪಿಂಗೋ ಅಕೌಂಟ್ಸೋ ಕಲಿತು ಕೆಲಸ ಹಿಡಿಯುವ ಆಸೆಯ ಹುಡುಗ ಹುಡುಗಿಯರು. ಅವರ ನಡುವೆ ಒಂದು ದಿನ ಅರವತ್ತು ದಾಟಿದ, ಇಸ್ತ್ರಿ ಮಾಡಿದ ಕಾಟನ್ ಸೀರೆಯ ಈ ಹೆಂಗಸು ಬಂದು ಕೂತು, ತಮಗೆ ರಂಗೋಲಿ ಬಿಡುವುದಕ್ಕೆ ಕಂಪ್ಯೂಟರು ಬೇಕು ಎಂದರು. ನಾನು ತಮಾಷೆ ಅಂದುಕೊಂಡೆ. ಅವರು ತಮ್ಮ ಮಂಡಿಯನ್ನು ತಟ್ಟಿ ತೋರಿಸಿದರು. ಬಗ್ಗಿ ಕೂರಬಾರದೆಂದು ಡಾಕ್ಟರು ಹೇಳಿದ್ದರಂತೆ. ಕುರ್ಚಿಯ ಮೇಲೆ ಕೂತು ಬಿಡಬಹುದಾದ ರಂಗೋಲಿ ಇದೊಂದೇ ಎಂದು ಯಾರೋ ಅಂದರಂತೆ.

ಕಂಪ್ಯೂಟರಿನ ಜೊತೆಗೇ ಬರುವ ಚಿತ್ರ ಬರೆಯುವ ಪ್ರೋಗ್ರಾಂ ತೆಗೆದುಕೊಟ್ಟೆ. ಬಿಳಿ ಹಾಳೆಯನ್ನು ತುಂಬ ಹೊತ್ತು ದಿಟ್ಟಿಸಿದರು. ಆಮೇಲೆ ಕೇಳಿದರು, "ಈ ಟಿವಿಲಿ ಮನೆ ಯಾವ್ ಕಡೆ ಐತಮ್ಮ?"

ನನಗೆ ಅರ್ಥವಾಗಲಿಲ್ಲ. ರಂಗೋಲಿಗೆ ಒಂದು ಕಡೆ ಮನೆ, ಒಂದು ಕಡೆ ಬೀದಿ ಇರುತ್ತದಂತೆ. ಹುಲಿಯೂರುದುರ್ಗದಲ್ಲಿ ಅವರ ಅವ್ವ ಕಲಿಸಿದ ರಂಗೋಲಿಗಳಲ್ಲಿ ಮೊದಲ ಎಳೆ ಚುಕ್ಕಿಯನ್ನು ಬಳಸಿ ಹೊಸ್ತಿಲ ಕಡೆಗೇ ಹೊರಳಬೇಕು. ಬರುವವರು ಒಳಗೆ ಬರಲಿ ಅಂತ. ಗಾಜಿನ ಮೇಲೆ ಹೊಸ್ತಿಲು ಎಲ್ಲಿ? ಅವರೇ ಹುಡುಕಿದರು. ಪರದೆಯ ಕೆಳಗಿನ ಪಟ್ಟಿಯಲ್ಲಿ ಸ್ಟಾರ್ಟ್ ಎಂದು ಬರೆದಿತ್ತಲ್ಲ, ಅದೇ ಬಾಗಿಲು ಎಂದು ತೀರ್ಮಾನ ಮಾಡಿದರು. ಗೆರೆ ಎಳೆಯುವುದನ್ನು ತೋರಿಸೋಣವೆಂದು ನಾನು ಮೌಸ್ ಹಿಡಿದು ಒಂದು ಸುತ್ತು ಮೇಲಕ್ಕೆ ಎಳೆದೆ.

"ಹೊಸ್ತಿಲ್ ಕಡೆ ತಿರುಗ್ಸಮ್ಮ, ಬೀದಿಗ್ಯಾಕ್ ಹೋಗ್ತೀಯ?" ಎಂದರು.

ಆ ದನಿಗೆ ಸೆಂಟರಿನ ಹುಡುಗರೆಲ್ಲ ಬೆನ್ನು ನೆಟ್ಟಗೆ ಮಾಡಿಕೊಂಡರು. ಆಗಲೇ ನನಗೆ ಗೊತ್ತಾಗಿದ್ದು, ಇವರು ಮೇಡಂ ಎಂದು. ಗುಬ್ಬಿಯ ಸುತ್ತಮುತ್ತಲಿನ ಸರ್ಕಾರಿ ಶಾಲೆಗಳಲ್ಲಿ ಜೀವಮಾನವೆಲ್ಲ ಪಾಠ ಹೇಳಿ ನಿವೃತ್ತರಾಗಿದ್ದರು. ಮೂರನೇ ಕ್ಲಾಸಿನ ಮಕ್ಕಳಿಗೆ ಮೈದಾನದ ಆಚೆಯ ತನಕ ಕೇಳುವಂತೆ ಮಗ್ಗಿ ಹೇಳಿಸಿದ ಗಂಟಲು ಅದು. ಪಿಸುಮಾತಾಡಿದರೂ ಪಕ್ಕದ ದಿನಸಿ ಅಂಗಡಿಗೆ ಕೇಳಿಸುತ್ತಿತ್ತು. ಬೈಯುವುದು ಅವರಿಗೆ ಸಿಟ್ಟಿನ ಕೆಲಸವಾಗಿರಲಿಲ್ಲ, ಉಸಿರಾಡಿದ ಹಾಗೆ. ಊಟ ಆಯ್ತೇನ್ಲಾ ಎಂದು ವಿಚಾರಿಸುವಾಗಲೂ ಎದುರಿನ ಹುಡುಗ ಏನೋ ತಪ್ಪು ಮಾಡಿದವನಂತೆ ಎದ್ದು ನಿಲ್ಲುತ್ತಿದ್ದ. ನನಗಂತೂ ಅವರು ಬಂದ ದಿನ ಸೆಂಟರು ತುಂಬಿದ ಹಾಗೆ, ಬಾರದ ದಿನ ಬಣಬಣ ಎನ್ನುತ್ತಿತ್ತು.

ಕೆಲವೇ ದಿನಗಳಲ್ಲಿ ಅವರ ಕೈ ಕುದುರಿತು. ಚುಕ್ಕಿ ಇಟ್ಟು, ಕೈ ಎತ್ತದೆ ಎಳೆ ಎಳೆದು, ಶುರು ಮಾಡಿದ ಚುಕ್ಕಿಗೇ ತಂದು ಸೇರಿಸುವ ರಂಗೋಲಿಗಳು. ಕೆರೆ ಏರಿ, ಬುಟ್ಟಿ ಹೆಣಿಗೆ, ಹಾವಿನ ಸುತ್ತು ಎಂದೆಲ್ಲ ಅವಕ್ಕೆ ಅವರ ಅವ್ವ ಇಟ್ಟ ಹೆಸರುಗಳಿದ್ದವು. ಸಂತೆಯಲ್ಲಿ ಸಿಗುವ ರಂಗೋಲಿ ಪುಸ್ತಕಗಳಲ್ಲಿ ಒಂದೂ ಇರಲಿಲ್ಲ. ಚೆನ್ನಾಗಿ ಬಂದದ್ದನ್ನು ಪ್ರಿಂಟ್ ತೆಗೆದುಕೊಡುತ್ತೇನೆ ಎಂದೆ. ಅವರು ಬೇಡವೆಂದು ತಲೆಯಾಡಿಸಿದರು. ಮುಗಿದ ರಂಗೋಲಿ ನೋಡಿದರೆ ಕೈ ಎಲ್ಲಿಂದ ಹೊರಟಿತು, ಎಲ್ಲಿ ಹೊರಳಿತು ಎಂದು ಯಾರಿಗೂ ತಿಳಿಯುವುದಿಲ್ಲ. ತಮಗೆ ಬೇಕಾದದ್ದು ಚಿತ್ರವಲ್ಲ, ಬಿಡುವಾಗ ಕೈ ನಡೆಯುವುದು ಕಾಣಬೇಕು ಎಂದರು.

ಯಾರಿಗೆ ಎಂದು ಕೇಳಿದೆ. ಸೊಸೆಗೆ, ಎಂದರು. ಆ ಕಥೆ ತುಂಡುತುಂಡಾಗಿ ಹೊರಬಂತು. ಸೊಸೆ ಶೋಭಾ ಗುಬ್ಬಿಯ ಒಂದು ಆಫೀಸಿನಲ್ಲಿ ಟೈಪಿಸ್ಟು. ಬೆಳಿಗ್ಗೆ ಬಸ್ಸು ಹಿಡಿಯುವ ಗಡಿಬಿಡಿಯಲ್ಲೂ, ಅತ್ತೆಗೆ ಬಗ್ಗಲಾಗದ ಮೇಲೆ ತಾನೇ ಬಾಗಿಲಿಗೆ ರಂಗೋಲಿ ಬಿಡುತ್ತಿದ್ದಳು. ಕಲಿಸುತ್ತೇನೆಂದು ಹೊನ್ನಮ್ಮ ಮೇಡಂ ಪಕ್ಕದಲ್ಲಿ ನಿಲ್ಲುತ್ತಿದ್ದರು. ನಿಂತ ಮೇಲೆ ಬಾಯಿ ಸುಮ್ಮನಿರಬೇಕಲ್ಲ. ಒಂದು ಯುಗಾದಿಯ ಬೆಳಿಗ್ಗೆ ಎದುರುಮನೆಯವರು, ಪಕ್ಕದವರು ಎಲ್ಲ ಬೀದಿಯಲ್ಲಿರುವಾಗ, ಒಂದು ಎಳೆ ತಪ್ಪಿದ್ದಕ್ಕೆ ಮೂರನೇ ಕ್ಲಾಸಿನ ಮಗುವನ್ನು ಬೈದಂತೆ ಬೈದಿದ್ದರು. ಶೋಭಾ ಪೊರಕೆ ತಂದು ಅರ್ಧ ಬಿಟ್ಟಿದ್ದ ರಂಗೋಲಿಯನ್ನು ಗುಡಿಸಿ ಒಳಗೆ ಹೋದಳು. ಮಾರನೆಯ ದಿನ ಹೊಸ್ತಿಲ ಮುಂದೆ ಅಂಗಡಿಯಿಂದ ತಂದ ಪ್ಲಾಸ್ಟಿಕ್ಕಿನ ಸ್ಟಿಕ್ಕರ್ ರಂಗೋಲಿ ಅಂಟಿಕೊಂಡಿತ್ತು. ಅಂದಿನಿಂದ ಆ ಮನೆಯಲ್ಲಿ ಅನ್ನ ಸಾರಿನ ಮಾತು ಬಿಟ್ಟರೆ ಅತ್ತೆ ಸೊಸೆಗೆ ಬೇರೆ ಮಾತಿರಲಿಲ್ಲ.

ಮೈಕ್ ಹಾಕಿದರೆ ಮಾತೂ ಸೇರಿ ರೆಕಾರ್ಡ್ ಆಗುತ್ತದೆ, ವಿವರಿಸಿ ಹೇಳಬಹುದು ಎಂದು ನಾನು ಉತ್ಸಾಹದಿಂದ ಹೇಳಿದೆ.

"ನನ್ ಬಾಯಿ ಬ್ಯಾಡ ಕಣಮ್ಮ. ಎಲ್ಲಾ ಕೆಟ್ಟಿದ್ದೇ ಅದರಿಂದ. ಕೈ ಒಂದ್ ಕಾಣ್ಸಿದ್ರೆ ಸಾಕು."

ಹೀಗೆ ನಮ್ಮ ಹುಡುಕಾಟ ಶುರುವಾಯಿತು. ಪರದೆಯ ಮೇಲೆ ನಡೆಯುವುದನ್ನು ಹಾಗೇ ಹಿಡಿದಿಡುವ ಸಾಧನ ಯಾವುದು? ಇವತ್ತಿನವರಿಗೆ ಇದು ಪ್ರಶ್ನೆಯೇ ಅಲ್ಲ. ಆವತ್ತು ನನಗೂ ಗೊತ್ತಿರಲಿಲ್ಲ, ಗೊತ್ತಿಲ್ಲವೆಂದು ಒಪ್ಪಿಕೊಳ್ಳುವ ಜಾಯಮಾನವೂ ನನ್ನದಲ್ಲ. ಗುಬ್ಬಿಯಿಂದ ಮದುವೆ ವಿಡಿಯೋ ತೆಗೆಯುವವನೊಬ್ಬನನ್ನು ಕರೆಸಿದೆ. ಅವನು ಮಾನಿಟರಿನ ಮುಂದೆ ಸ್ಟ್ಯಾಂಡ್ ನಿಲ್ಲಿಸಿ ಕ್ಯಾಮೆರಾ ಇಟ್ಟ. ಹೊನ್ನಮ್ಮ ಮೇಡಂ ಒಪ್ಪವಾಗಿ ರಂಗೋಲಿ ಬಿಟ್ಟರು. ಆಮೇಲೆ ಟಿವಿಗೆ ಹಾಕಿ ನೋಡಿದರೆ ಕೆಳಗಿನಿಂದ ಮೇಲಕ್ಕೆ ಒಂದರ ಹಿಂದೆ ಒಂದು ಕಪ್ಪು ಪಟ್ಟೆ ಉರುಳುತ್ತಿವೆ. ಗಾಜಿನಲ್ಲಿ ಟ್ಯೂಬ್‌ಲೈಟು, ಮೇಡಂ ಅವರ ಬಳೆ, ಹಿಂದೆ ನಿಂತ ನನ್ನ ಮುಖ ಎಲ್ಲ ಕಾಣುತ್ತಿವೆ. ಪುಣ್ಯಾತ್ಮ ಚೆನ್ನಾಗಿರಲಿ ಎಂದು ನಾದಸ್ವರ ಹಾಕಿ, ಮೂಲೆಗಳಿಂದ ಗುಲಾಬಿ ಎಸಳೂ ಉದುರಿಸಿದ್ದ. ರಂಗೋಲಿಯ ಮೇಲೆ ಯಾವನೋ ಕಂಬಳಿ ಎಳಕೊಂಡು ಹೋಗ್ತಾವ್ನೆ ಎಂದು ಮೇಡಂ ಅಂದದ್ದಕ್ಕೆ ಅವನು ಬೇಸರಿಸಿಕೊಳ್ಳಲಿಲ್ಲ, ಎಸಳು ಮಾತ್ರ ಇರಲಿ ಎಂದು ಚೌಕಾಸಿ ಮಾಡಿದ.

ಆಮೇಲೆ ಕೀಬೋರ್ಡಿನಲ್ಲಿ ಪರದೆಯ ಚಿತ್ರ ತೆಗೆಯುವ ಗುಂಡಿಯಿದೆಯಲ್ಲ, ಅದನ್ನು ಪ್ರತಿ ಎಳೆಗೂ ಒತ್ತಿ ಒಂದರ ಕೆಳಗೊಂದು ಅಂಟಿಸಿ ಪ್ರಿಂಟ್ ತೆಗೆದೆವು. ನನಗೆ ಇದು ಬಹಳ ಜಾಣತನದ ಉಪಾಯ ಎನಿಸಿತ್ತು. ಮೇಡಂ ಪುಟ ತಿರುಗಿಸಿ ನೋಡಿ, ಹೆಜ್ಜೆ ಅವೆ, ನಡಿಗೆ ಇಲ್ಲ ಎಂದು ಬದಿಗಿಟ್ಟರು. ಕಂಪ್ಯೂಟರ್ ಪತ್ರಿಕೆಯ ಜೊತೆ ಬರುವ ಸಿಡಿಯಲ್ಲಿ ಪರದೆಯನ್ನು ರೆಕಾರ್ಡ್ ಮಾಡುವ ಪ್ರೋಗ್ರಾಂ ಒಂದು ಸಿಕ್ಕಿತು. ಅದು ಸ್ವಲ್ಪ ದಿನ ಮಾತ್ರ ಬಿಟ್ಟಿ, ಅಲ್ಲಿಯವರೆಗೆ ಪ್ರತಿ ರೆಕಾರ್ಡಿನ ನಟ್ಟನಡುವೆ ತನ್ನ ಹೆಸರನ್ನು ದಪ್ಪಕ್ಷರದಲ್ಲಿ ಒತ್ತುತ್ತಿತ್ತು. ಸರಿಯಾಗಿ ಹಾವಿನ ಸುತ್ತಿನ ಹೆಡೆಯ ಮೇಲೆಯೇ. ನಮ್ಮನೆ ಬಾಗಿಲಲ್ಲಿ ಅಂಗಡಿಯವನ ಬೋರ್ಡು ಯಾಕೆ ಎಂದರು ಮೇಡಂ. ಅದೂ ಹೋಯಿತು. ಇನ್ನೊಂದು ಪೂರ್ತಿ ಬಿಟ್ಟಿಯದು, ಆದರೆ ಅದಕ್ಕೆ ಮೌಸಿನ ಬಾಣ ಕಾಣಿಸುತ್ತಿರಲಿಲ್ಲ. ಬಿಳಿ ಹಾಳೆಯ ಮೇಲೆ ಎಳೆಗಳು ತಮ್ಮಷ್ಟಕ್ಕೆ ತಾವೇ ಹರಿದು ಬರುತ್ತಿದ್ದವು. ದೆವ್ವ ರಂಗೋಲಿ ಬಿಟ್ಟ ಹಾಗಿದೆ ಎಂದು ಟೈಪಿಂಗಿನ ಹುಡುಗಿಯರು ನಕ್ಕರು. ಮೇಡಂ ನಗಲಿಲ್ಲ. ಕೈಯೇ ಕಾಣದಿದ್ದರೆ ಸೊಸೆ ಯಾರ ಹಿಂದೆ ನಡೆಯಬೇಕು ಎಂದು ಕೇಳಿದರು.

ನಾನು ಸೋತು, ಇದ್ದುದರಲ್ಲಿ ಒಂದಕ್ಕೆ ಹೊಂದಿಕೊಳ್ಳೋಣ ಎಂದೆ. ಅವರು ಒಪ್ಪಲಿಲ್ಲ. ಬದನೆಕಾಯಿ ಆರಿಸುವವರ ಹಾಗೆ ಪ್ರತಿಯೊಂದನ್ನೂ ಎತ್ತಿ, ತಿರುಗಿಸಿ, ತೊಟ್ಟು ನೋಡಿ ಬದಿಗಿಡುತ್ತಿದ್ದರು. ಯಾವುದರ ಬಗ್ಗೆಯೂ ಕೆಟ್ಟದೆನ್ನುತ್ತಿರಲಿಲ್ಲ, ನಮ್ ಕೆಲಸಕ್ಕಲ್ಲ ಬುಡು ಎನ್ನುತ್ತಿದ್ದರು ಅಷ್ಟೇ.

ಕೊನೆಗೆ ಸಿಕ್ಕಿದ್ದು ಕುಣಿಗಲ್‌ನಲ್ಲಿ. ಅಲ್ಲಿ ಇಂಟರ್‌ನೆಟ್ ಅಂಗಡಿ ಇಟ್ಟಿದ್ದ ನನ್ನ ಸಹಪಾಠಿಯೊಬ್ಬಳು ಹುಡುಕಿ ಇಳಿಸಿಕೊಟ್ಟಳು. ಎಷ್ಟು ಚಿಕ್ಕ ಪ್ರೋಗ್ರಾಮೆಂದರೆ ಒಂದು ಫ್ಲಾಪಿಯಲ್ಲಿ ಹಿಡಿಯಿತು. ಬಸ್ಸಿನಲ್ಲಿ ಅದನ್ನು ಕರ್ಚೀಫಿನಲ್ಲಿ ಸುತ್ತಿ ಮಡಿಲಲ್ಲಿಟ್ಟುಕೊಂಡು ಬಂದೆ. ನೋಡಲು ಏನೇನೂ ಇಲ್ಲ. ಒಂದು ಕೆಂಪು ಗುಂಡಿ, ಒಂದು ನೀಲಿ ಗುಂಡಿ. ಆದರೆ ಬಾಣದ ಸುತ್ತ ಹಳದಿಯ ಉಂಗುರ ಬರುತ್ತಿತ್ತು, ಮೈಕನ್ನು ಆಫ್ ಮಾಡಿಡಬಹುದಿತ್ತು, ಪರದೆಯ ಯಾವ ಭಾಗ ಬೇಕೆಂದು ನಾವೇ ಗೆರೆ ಹಾಕಿ ಹೇಳಬಹುದಿತ್ತು. ನಾನು ಬಿಳಿ ಹಾಳೆಯಷ್ಟಕ್ಕೆ ಗೆರೆ ಹಾಕಿದೆ. ಮೇಡಂ ತಡೆದು ಕೆಳಗಿನ ಸ್ಟಾರ್ಟ್ ಪಟ್ಟಿಯನ್ನೂ ಸೇರಿಸುವಂತೆ ಮಾಡಿದರು. ಹೊಸ್ತಿಲೇ ಕಾಣದ ಮೇಲೆ ಎಳೆ ಎತ್ತ ಹೊರಳಿತು ಎಂದು ನೋಡುವವರಿಗೆ ಹೇಗೆ ತಿಳಿಯಬೇಕು? ಮೊದಲ ರೆಕಾರ್ಡನ್ನು ತಿರುಗಿ ಹಾಕಿದಾಗ ಹಳದಿ ಉಂಗುರ ನಿಧಾನವಾಗಿ ಚುಕ್ಕಿಗಳ ನಡುವೆ ನಡೆಯಿತು. ಅವರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡು, ಅವ್ವನ ಕೈ ಹಿಂಗೇ ಓಡಾಡ್ತಿತ್ತು ಎಂದರು. ನಾನೂ ಅವರ ಹಾಗೆ ಸಾಧನ ಆರಿಸುವುದರಲ್ಲಿ ಏನೂ ಬಿಟ್ಟಿಲ್ಲವೆಂದು ಹೆಮ್ಮೆಪಟ್ಟೆ.

ದಿನಕ್ಕೊಂದು ರಂಗೋಲಿ. ನಡುವೆ ಕರೆಂಟು ಹೋದರೆ ಅರ್ಧದಿಂದ ಮುಂದುವರಿಸುತ್ತಿರಲಿಲ್ಲ, ಕಡಿದ ಎಳೆಗೆ ಗಂಟು ಹಾಕಬಾರದೆಂದು ಮೊದಲಿನಿಂದ ಬಿಡುತ್ತಿದ್ದರು. ರೆಕಾರ್ಡ್ ಮಾಡಿ ಇಡುವುದನ್ನು ನಾನು ಕಲಿಸಿಕೊಟ್ಟಿದ್ದೆ. ಕಡತಗಳನ್ನು ತೆಗೆಯುವುದು, ಅಳಿಸುವುದು ಎಲ್ಲ ಅವರಿಗೆ ಬರುತ್ತಿತ್ತು. ಎಲ್ಲ ರಂಗೋಲಿಗಳೂ ಮುಗಿದುವೆಂದು ಅವರು ಹೇಳಿದ ದಿನ ಸಿಡಿಗೆ ತುಂಬಲು ಕೂತೆ. ಫೋಲ್ಡರಿನಲ್ಲಿ ಒಂದೇ ಒಂದು ಕಡತವಿತ್ತು, ಆವತ್ತಿನದು. ವೈರಸ್ಸೇ ತಿಂದಿತೆಂದುಕೊಂಡೆ. ಉಳಿದವು ಎಲ್ಲಿ ಎಂದು ಕೇಳಿದೆ.

"ನಿನ್ನೇದ್ ಗುಡಿಸ್ದೆ ಇವತ್ತಿಂದ್ ಹೆಂಗಮ್ಮ ಬುಡೋದು?" ಎಂದರು, ನಾನೇ ಏನೋ ದಡ್ಡ ಪ್ರಶ್ನೆ ಕೇಳಿದವಳಂತೆ.

ಹಳೆಯ ರಂಗೋಲಿಯ ಮೇಲೆ ಹೊಸದು ಬಿಡುವುದಿಲ್ಲ. ಬೆಳಿಗ್ಗೆ ಮೊದಲು ಗುಡಿಸಬೇಕು, ನೀರು ಹಾಕಬೇಕು, ಆಮೇಲೆ ಚುಕ್ಕಿ. ಜೀವಮಾನದ ರೂಢಿ. ಗಾಜು ಒರೆಸುವುದನ್ನು ನಾನು ನೋಡಿದ್ದೆ. ಅದಕ್ಕೂ ಮೊದಲು ಅವರು ಹಿಂದಿನ ದಿನದ ಕಡತವನ್ನು ಅಳಿಸುತ್ತಿದ್ದುದನ್ನು ನೋಡಿರಲಿಲ್ಲ. ಅಳಿಸಿದ್ದು ಕಂಪ್ಯೂಟರಿನ ಕಸದಬುಟ್ಟಿಯಲ್ಲಾದರೂ ಇರಬೇಕೆಂದು ಅದನ್ನು ತೆರೆದೆ. ಅದೂ ಖಾಲಿ. ಗುಡಿಸಿದ್ದನ್ನು ಮನೆಯೊಳಗೆ ಇಟ್ಟುಕೊಳ್ಳುತ್ತಾರೆಯೇ ಎಂದು ಮೇಡಂ ನನ್ನನ್ನೇ ಕೇಳಿದರು.

ನನಗೆ ರೇಗಿಹೋಯಿತು. ಇಡೀ ಸೆಂಟರಿನ ಎದುರು ದನಿಯೆತ್ತಿ, ಇಷ್ಟು ದಿನದ ಕೆಲಸ ಮಣ್ಣುಪಾಲಾಯಿತು, ಒಂದು ಮಾತು ಕೇಳಿ ಅಳಿಸಬಾರದಿತ್ತೇ ಎಂದು ರೇಗಾಡಿಬಿಟ್ಟೆ. ಕೀಬೋರ್ಡುಗಳ ಸದ್ದು ನಿಂತಿತು. ಅವರು ಹುಡುಗರತ್ತ ಒಮ್ಮೆ ನೋಡಿ, ತಲೆ ತಗ್ಗಿಸಿ ತಮ್ಮ ಒದ್ದೆ ಬಟ್ಟೆಯನ್ನು ಮಡಚಿದರು.

"ನಾಕ್ ಜನದ್ ಮುಂದೆ ಬೈಸ್ಕಂಡ್ರೆ ಹಿಂಗಾಗ್ತದೆ ಅಂತ ಗೊತ್ತಿರ್ಲಿಲ್ಲ ಕಣಮ್ಮ. ಪಾಪ, ಶೋಭಾಗೂ ಹಿಂಗೇ ಆಗಿರ್ಬೇಕು," ಎಂದರು. ಇಷ್ಟೂ ದಿನದಲ್ಲಿ ಅವರು ಸೊಸೆಯ ಹೆಸರಿನ ಹಿಂದೆ ಪಾಪ ಎಂಬ ಪದ ಸೇರಿಸಿದ್ದು ಅದೇ ಮೊದಲು. ನನ್ನ ಸಿಟ್ಟೆಲ್ಲ ಜರ್ರನೆ ಇಳಿಯಿತು. ಟೀ ತರಿಸಿದೆ, ಇಬ್ಬರೂ ಕುಡಿದೆವು.

ಮಾರನೆಯ ದಿನ ಹೊಸ ಉಪಾಯದೊಂದಿಗೆ ಬಂದರು. ಊಟದ ರಾಗಿ ಕೆಳಗಿರುತ್ತದೆ, ದಿನಾ ಖರ್ಚಾಗುತ್ತದೆ. ಬಿತ್ತನೆ ರಾಗಿ ಮಾತ್ರ ಅಟ್ಟದಲ್ಲಿರುತ್ತದೆ, ಅದನ್ನು ಯಾರೂ ಮುಟ್ಟುವುದಿಲ್ಲ. ಕಂಪ್ಯೂಟರಿನಲ್ಲೂ ಒಂದು ಅಟ್ಟ ಮಾಡಿಕೊಡು ಎಂದರು. ಮಾಡಿಕೊಟ್ಟೆ. ಹೊಸ ಫೋಲ್ಡರಿಗೆ ಅಟ್ಟ ಎಂದೇ ಹೆಸರು. ಎಲ್ಲ ರಂಗೋಲಿಗಳನ್ನೂ ಮತ್ತೆ ಮೊದಲಿನಿಂದ ಬಿಟ್ಟರು. ಹೋದದ್ದಕ್ಕೆ ಮರುಗಲಿಲ್ಲ, ಕೈಯಲ್ಲಿ ಐತಲ್ಲ ಬುಡು ಎಂದರು. ಮುಗಿದ ಕೂಡಲೇ ಗಟ್ಟಿಯಾಗಿ ಅಟ್ಟಕ್ಕಾಕ್ದೆ ಎಂದು ನನಗೆ ವರದಿ ಒಪ್ಪಿಸುತ್ತಿದ್ದರು. ನಮ್ಮ ಸೆಂಟರಿನ ಹುಡುಗರ ಬಾಯಲ್ಲೂ ಅದೇ ಮಾತು ನಿಂತುಬಿಟ್ಟಿತು.

ಸಿಡಿ ತಯಾರಾದಾಗ ಅದನ್ನು ಶೋಭಾಗೆ ನಾನೇ ಕೊಡಬೇಕೆಂದರು. ತಾವು ಕೊಟ್ಟರೆ ಅದೂ ಒಂದು ಬೈಗುಳವಾಗುತ್ತದಂತೆ. ಬೆಳಿಗ್ಗೆ ಗುಬ್ಬಿ ಬಸ್ಸಿಗೆ ಕಾಯುತ್ತಿದ್ದ ಶೋಭಾಳನ್ನು ಹುಡುಕಿ ಕೈಗಿತ್ತು, ನಿಮ್ಮ ಅತ್ತೆಯವರ ರಂಗೋಲಿ, ಆಫೀಸಿನಲ್ಲಿ ಬಿಡುವಾದಾಗ ನೋಡಿ ಎಂದೆ. ಅವಳು ಸಿಡಿಯನ್ನು ನೋಟೀಸು ಬಂದವಳಂತೆ ತಿರುಗಿಸಿ ನೋಡಿದಳು. ಇದರಲ್ಲೂ ಬೈದಿದ್ದಾರಾ ಎಂದು ಕೇಳಿದಳು. ಇಲ್ಲ, ಮಾತೇ ಇಲ್ಲ, ಬೇಡವೆಂದು ಅವರೇ ತೆಗೆಸಿದರು ಎಂದೆ.

"ಅತ್ತೆದು ಮಾತೇ ಇಲ್ವಾ?" ಎಂದು ಅವಳು ನನ್ನ ಮುಖವನ್ನೇ ನೋಡಿದಳು. ಬಸ್ಸು ಬಂತು.

ಆಮೇಲೆ ಬಹಳ ದಿನ ಏನೂ ಆಗಲಿಲ್ಲ. ಬಾಗಿಲಲ್ಲಿ ಸ್ಟಿಕ್ಕರು ಹಾಗೇ ಇತ್ತು. ಹೊನ್ನಮ್ಮ ಮೇಡಂ ಸೆಂಟರಿಗೆ ಬಂದು ಸುಮ್ಮನೆ ಕೂತು ಹೋಗುತ್ತಿದ್ದರು. ಸೊಸೆ ನೋಡಿದಳೋ ಇಲ್ಲವೋ ಎಂದು ಕೇಳಲು ನನಗೂ ಧೈರ್ಯವಿರಲಿಲ್ಲ, ಅವರಿಗೂ ಇರಲಿಲ್ಲ. ಒಂದು ಬೆಳಿಗ್ಗೆ ನಾನು ಷಟರ್ ಎತ್ತುವ ಮುಂಚೆಯೇ ಅವರು ಎದುರಿಗೆ ನಿಂತಿದ್ದರು. ಬಾಯಿ ತುಂಬ ಎಲೆ ಅಡಿಕೆ. ಅವರು ಎಲೆ ಹಾಕಿಕೊಳ್ಳುವುದನ್ನು ನಾನು ಯಾವತ್ತೂ ನೋಡಿರಲಿಲ್ಲ. ಮಾತಾಡದೆ ನನ್ನ ಕೈ ಹಿಡಿದು ಎಳೆದುಕೊಂಡು ಹೋದರು.

ಅವರ ಮನೆಯ ಮುಂದೆ ಸ್ಟಿಕ್ಕರು ಇರಲಿಲ್ಲ. ನೀರು ಹಾಕಿದ ಅಂಗಳದಲ್ಲಿ ಶೋಭಾ ಕೂತು ಕೆರೆ ಏರಿ ಬಿಡುತ್ತಿದ್ದಳು. ಮೊದಲ ಎಳೆ ಹೊಸ್ತಿಲ ಕಡೆಗೇ ಹೊರಳಿತ್ತು. ಮೇಡಂ ಬಾಗಿಲ ಪಕ್ಕದ ಕುರ್ಚಿಯಲ್ಲಿ ಕೂತು ಕೆನ್ನೆ ಉಬ್ಬಿಸಿಕೊಂಡು ಎಲೆ ಅಗಿಯುತ್ತಿದ್ದರು. ಶೋಭಾಳ ಕೈ ಒಂದು ಮೂಲೆಗೆ ಬಂದಾಗ ಅವರು ಕುರ್ಚಿಯ ಹಿಡಿಯನ್ನು ಬಿಗಿಯಾಗಿ ಹಿಡಿದುಕೊಂಡದ್ದು ಕಂಡಿತು. ಶೋಭಾ ಮುಗಿಸಿ ಕೈ ಒರೆಸಿಕೊಂಡು, ನನಗೆ ನಕ್ಕು, ಬಸ್ಸಿಗೆ ಹೊತ್ತಾಯಿತೆಂದು ಒಳಗೆ ಹೋದಳು. ಆಗ ಮೇಡಂ ಎದ್ದು ಹೋಗಿ ತೆಂಗಿನ ಬುಡದಲ್ಲಿ ಉಗಿದು ಬಂದು ನನ್ನ ಕಿವಿಯ ಹತ್ತಿರ ಬಗ್ಗಿದರು.

"ಆ ಮೂಲೇಲಿ ಒಂದ್ ಎಳೆ ತಪ್ಪದೆ. ನಾನ್ ಬಾಯ್ ಬುಡ್ಲಿಲ್ಲ ಕಣಮ್ಮ."

ಜಿಲ್ಲಾ ಮಟ್ಟದಲ್ಲಿ ಬಹುಮಾನ ಬಂದವರ ಹಾಗಿತ್ತು ಅವರ ಮುಖ. ಆಮೇಲಿನ ವರ್ಷಗಳಲ್ಲಿ ಅವರ ಹಲ್ಲು ಕೆಂಪಾಯಿತು. ಬೆಳಿಗ್ಗೆ ರಂಗೋಲಿಯ ಹೊತ್ತಿಗೆ ಮಾತ್ರ ಎಲೆ ಅಡಿಕೆ, ಅದು ಮುಗಿದ ಮೇಲೆ ಬಾಯಿ ಮುಕ್ಕಳಿಸಿ ಇಡೀ ಮರಳೂರಿಗೆ ಕೇಳುವಂತೆ ಮಾತು. ಶೋಭಾಳೂ ಸಂಜೆ ಬಂದು ಆಫೀಸಿನ ಸುದ್ದಿ ಹೇಳುತ್ತ ಅವರ ಮಂಡಿಗೆ ಎಣ್ಣೆ ತಿಕ್ಕುವುದನ್ನು ನಾನೇ ನೋಡಿದ್ದೇನೆ. ಅವರನ್ನು ನೆನೆದಾಗೆಲ್ಲ ನನಗೆ ಮೊದಲು ಕಾಣುವುದು ಆ ಉಬ್ಬಿದ ಕೆನ್ನೆ, ಆಮೇಲೆ ಆ ಚಿಟಿಕೆ.

ನಾನು ಮದುವೆಯಾಗಿ ಕುಣಿಗಲ್ ಸೇರಿದೆ, ಸೆಂಟರು ಬೇರೆಯವರ ಕೈಗೆ ಹೋಯಿತು. ಹೊನ್ನಮ್ಮ ಮೇಡಂ ತೀರಿಕೊಂಡ ಸುದ್ದಿ ತಲುಪುವಾಗ ತಡವಾಗಿತ್ತು. ನಿದ್ದೆಯಲ್ಲೇ ಹೋದರಂತೆ, ಹಿಂದಿನ ಸಂಜೆ ಎದುರುಮನೆ ಹುಡುಗನಿಗೆ ಲೆಕ್ಕ ಹೇಳಿಕೊಟ್ಟು ಬೈದಿದ್ದರಂತೆ. ಕಾರ್ಯವೆಲ್ಲ ಮುಗಿದ ಮಾರನೆಯ ದಿನ ಮೊದಲ ಬಸ್ಸಿಗೆ ಹೊರಟು ಮರಳೂರಿಗೆ ಬಂದೆ. ಸೂತಕದ ಮನೆಯ ಬಾಗಿಲಿಗೆ ಅಷ್ಟು ದಿನ ರಂಗೋಲಿ ಇರಲಿಲ್ಲ. ಆ ಬೆಳಿಗ್ಗೆ ಶೋಭಾ ಅಂಗಳ ಗುಡಿಸಿ ನೀರು ಹಾಕಿ ಚುಕ್ಕಿ ಇಡುತ್ತಿದ್ದಳು. ಕುರ್ಚಿ ಬಾಗಿಲ ಪಕ್ಕದಲ್ಲೇ ಇತ್ತು. ನಾನು ಅದರಲ್ಲಿ ಕೂರದೆ ಅವಳ ಪಕ್ಕ ನೆಲದ ಮೇಲೆ ಕೂತೆ.

ಸಿಡಿಯನ್ನು ಈಗಲೂ ಆಗಾಗ ಹಾಕಿ ನೋಡುತ್ತೇನೆ ಎಂದಳು. ಕೈ ಎಲ್ಲ ಸ್ಪಷ್ಟವಾಗಿ ಕಾಣುತ್ತದೆ, ಆದರೆ ತಾನು ತಪ್ಪಿದರೆ ಗೊತ್ತಾಗುವುದಿಲ್ಲ. ಇನ್ನೊಂದು ಚುಕ್ಕಿ ಇಟ್ಟು, "ನೀವು ಅವ್ರ ಮಾತೂ ಹಾಕ್ಸಿದ್ರೆ ಚೆನ್ನಾಗಿತ್ತು ಗಿರಿಜಾ. ಬೈದಿದ್ರೂ ಪರ್ವಾಗಿರ್ಲಿಲ್ಲ," ಎಂದಳು.

ಅವರೇ ಬೇಡವೆಂದದ್ದು ಅವಳಿಗೂ ಗೊತ್ತಿತ್ತು. ರಂಗೋಲಿಯ ಬಟ್ಟಲನ್ನು ನನ್ನ ಕಡೆ ಸರಿಸಿ, ಆ ಮಗ್ಗುಲಿನ ಎಳೆ ನೀವು ಎಳೆಯಿರಿ ಎಂದಳು. ಇಷ್ಟು ರಂಗೋಲಿ ರೆಕಾರ್ಡ್ ಮಾಡಿಸಿದವಳಿಗೆ ಒಂದು ಎಳೆ ಎಳೆಯಲು ಬಾರದೇ ಎಂದು ನಾನೂ ಚಿಟಿಕೆ ಹಿಡಿದು ಚುಕ್ಕಿಯನ್ನು ಬಳಸಿ ಹೊರಟೆ. ಪುಡಿ ಒಂದು ಕಡೆ ದಪ್ಪ, ಒಂದು ಕಡೆ ತೆಳು.

"ಹೊಸ್ತಿಲ್ ಕಡೆ ತಿರುಗ್ಸಮ್ಮ, ಬೀದಿಗ್ಯಾಕ್ ಹೋಗ್ತೀಯ?"

ಬೀದಿಯಲ್ಲಿ ಹಾಲು ತರುತ್ತಿದ್ದ ಎದುರುಮನೆಯ ಹುಡುಗ ಗಕ್ಕನೆ ನಿಂತು ಈ ಕಡೆ ನೋಡಿದ. ಯಾವತ್ತೂ ನನ್ನನ್ನು ನೀವು ಎನ್ನುತ್ತಿದ್ದ ಶೋಭಾ ತಲೆ ಎತ್ತಿರಲಿಲ್ಲ, ತನ್ನ ಚುಕ್ಕಿಗಳಲ್ಲೇ ಇದ್ದಳು. ತಾನು ಏನಂದೆ, ಹೇಗೆ ಅಂದೆ ಎಂಬುದು ಅವಳ ಗಮನಕ್ಕೇ ಬಂದಿರಲಿಲ್ಲ. ನಾನು ಎಳೆಯನ್ನು ಹೊಸ್ತಿಲ ಕಡೆಗೆ ತಿರುಗಿಸಿದೆ.